ಬಸ್ಸು ಹತ್ತಿದವಳ ಬಗ್ಗೆ ಅಜ್ಜಿಯೊಡನೆ ಜಗಳ

ಆಗ ಗಡಿನಾಡು ಪೆರ್ಲದ ನಮ್ಮ ಕಡೆ ಭಾನುವಾರ ನಾಲ್ಕು ಗಂಟೆಯಾಯಿತೇ ಎಂದು ತಿಳಿಯಲು ಯಾರೂ ಗಡಿಯಾರ ನೋಡುತ್ತಿರಲಿಲ್ಲ. ಪೋಸ್ಟ್ ಮಾಸ್ಟ್ರ ಮನೆಯ ಜಗಲಿ ಕೆಳಗೆ ಚಪ್ಪಲಿ ರಾಶಿ ಬಿದ್ದಿದ್ದರೆ ನಾಲ್ಕಾಗಿದೆ ಎಂದೇ ಅರ್ಥ. ವಾರಕ್ಕೊಂದು ಮಲಯಾಳ ಸಿನೆಮಾ ಟಿ.ವಿ.ಯಲ್ಲಿ ಬರುತ್ತಿದ್ದ ಕಾಲ ಅದು. ಸುತ್ತಮುತ್ತ ಇದ್ದದ್ದು ಅವರದ್ದೊಂದೇ ಟಿ.ವಿ. ಮಾಸ್ಟ್ರ ಹೆಂಡತಿ ಸರೋಜಕ್ಕ ಅದರ ಮೇಲೆ ಕಸೂತಿ ಹಾಕಿದ ಬಟ್ಟೆ ಹೊದೆಸಿಡುತ್ತಿದ್ದರು. ನಾಲ್ಕಕ್ಕೆ ಐದು ನಿಮಿಷ ಇರುವಾಗ ಆ ಬಟ್ಟೆಯನ್ನು ತೆಗೆದು, ನಾಲ್ಕು ಮಡಿಕೆ ಮಾಡಿ ಕಪಾಟಿನಲ್ಲಿಡುತ್ತಿದ್ದರು. ಆ ಗತ್ತನ್ನು ನೋಡಲೆಂದೇ ನಾನು ಬೇಗ ಹೋಗುತ್ತಿದ್ದೆ.

ಉಳಿದವರು ಕೈಬೀಸಿಕೊಂಡು ಬಂದರೆ ನಮ್ಮ ಹೆಂಗಸರು ಎಲೆ ತುಂಬಿದ ಮೊರದಂಥ ಗೆರಸೆ ಹಿಡಿದುಕೊಂಡು ಬರುತ್ತಿದ್ದರು. ನಮ್ಮದು ಬೀಡಿ ಕಟ್ಟುವವರ ಓಣಿ. ಅಜ್ಜಿ, ಅಮ್ಮ, ಪಕ್ಕದ ಮನೆಯ ಇಬ್ಬರು ಅಕ್ಕಂದಿರು, ಎಲ್ಲರೂ ಗೋಡೆಗೆ ಒರಗಿ ಸಾಲಾಗಿ ಕೂತು ಮಡಿಲಲ್ಲಿ ಗೆರಸೆ ಇಟ್ಟುಕೊಂಡರೆ ಒದ್ದೆ ಎಲೆಯ ವಾಸನೆಯೂ ಹೊಗೆಸೊಪ್ಪಿನ ಘಾಟೂ ಆ ಕೋಣೆಯನ್ನು ತುಂಬಿಬಿಡುತ್ತಿದ್ದವು. ಮುಂದೆ ಕೂತ ಮಕ್ಕಳು ಸೀನುತ್ತಿದ್ದರು. ಮಧ್ಯದಲ್ಲಿ ಸರೋಜಕ್ಕ ಹಲಸಿನ ಹಪ್ಪಳವನ್ನೂ ಕಣ್ಣ ಚಾವನ್ನೂ ತರುತ್ತಿದ್ದರು. ಹಾಲು ಹಾಕದ ಆ ಕಪ್ಪು ಚಾಕ್ಕೆ ನಮ್ಮಲ್ಲಿ ಹಾಗೆ ಹೇಳುವುದು.

ಬೀಡಿ ಕಟ್ಟುವವರ ಕಣ್ಣು ಎಲೆಯ ಮೇಲೇ ಇರಬೇಕು. ತುದಿ ಮಡಚುವಾಗ ಒಂದು ಚೂರು ಆಚೀಚೆಯಾದರೂ ಬೀಡಿ ತೆಗೆದುಕೊಳ್ಳುವ ಬ್ರಾಂಚಿನಲ್ಲಿ ವಾಪಸು ಹಾಕುತ್ತಾರೆ. ಹಾಗಾಗಿ ನಮ್ಮ ಹೆಂಗಸರು ಸಿನೆಮಾ ನೋಡುತ್ತಿದ್ದರು ಎನ್ನುವುದು ಬಾಯಿಮಾತಿಗೆ ಅಷ್ಟೇ. ಅವರಿಗೆ ಮಲಯಾಳವೂ ಬಾರದು, ತಲೆ ಎತ್ತಲೂ ಆಗದು. ಪರದೆಯಲ್ಲಿ ಏನು ನಡೆಯುತ್ತಿದೆ, ಯಾರು ಯಾರಿಗೆ ಏನೆಂದರು ಎಂದು ಒಬ್ಬರು ಹೇಳುತ್ತಾ ಹೋಗಬೇಕಿತ್ತು. ಆ ಒಬ್ಬಳು ನಾನು. ಅಪ್ಪ ಕಾಞಂಗಾಡಿನ ಹೋಟೆಲೊಂದರಲ್ಲಿ ಕೆಲಸಕ್ಕಿದ್ದಾಗ ನಾವು ಅಲ್ಲೇ ಬಾಡಿಗೆ ಕೋಣೆಯಲ್ಲಿದ್ದೆವು. ಓರಗೆಯ ಮಕ್ಕಳ ಜೊತೆ ಕುಂಟಾಟ ಆಡಿಯೇ ನಾನು ಮಲಯಾಳ ಕಲಿತದ್ದು. ಊರಿಗೆ ಮರಳಿ ಕನ್ನಡ ಶಾಲೆಗೆ ಸೇರಿದ ಮೇಲೂ ಅದು ಬಾಯಲ್ಲಿ ಉಳಿದಿತ್ತು.

ನಾನು ಉಗ್ಗುವವಳು. ಆಗ ನನಗೆ ಹತ್ತು ವರ್ಷ. ಪುಷ್ಪಾ ಎಂಬ ನನ್ನ ಹೆಸರೇ ನನಗೆ ಶತ್ರು. ಯಾರಾದರೂ ಹೆಸರು ಕೇಳಿದರೆ ತುಟಿ ಎರಡೂ ಅಂಟಿಕೊಂಡು, ಕತ್ತಿನ ನರ ಉಬ್ಬಿ, ಕಣ್ಣು ಮುಚ್ಚಿಹೋಗುತ್ತಿತ್ತು, ಕಡೆಗೆ ಪಕ್ಕದಲ್ಲಿದ್ದವರು ಹೇಳಿಬಿಡುತ್ತಿದ್ದರು. ಅಮ್ಮ ದಿನಾ ಬೆಳಿಗ್ಗೆ ಬಜೆ ಬೇರನ್ನು ಜೇನಿನಲ್ಲಿ ತೇಯ್ದು ನನ್ನ ನಾಲಗೆಗೆ ಹಚ್ಚುತ್ತಿದ್ದಳು. ಆ ಕಹಿಖಾರ ಶಾಲೆಯ ಬೆಲ್ ಹೊಡೆಯುವ ತನಕ ಬಾಯಲ್ಲಿರುತ್ತಿತ್ತು. ಮಾತಿಗಂತೂ ಏನೂ ಆಗಲಿಲ್ಲ.

ಆದರೆ ಸಿನೆಮಾ ಹೇಳುವಾಗ ನಾನು ಉಗ್ಗುತ್ತಿರಲಿಲ್ಲ. ಯಾಕೆಂದು ನನಗೂ ಗೊತ್ತಿರಲಿಲ್ಲ. ‘ಅವ ಹೇಳಿದ, ಇವಳು ಹೇಳಿದಳು, ಈಗ ಅವನ ಅಮ್ಮ ಬಂದಳು, ಕೈಯಲ್ಲಿ ದೀಪ ಉಂಟು’ ಎಂದು ಸಲೀಸಾಗಿ ಹರಿಯುತ್ತಿತ್ತು. ಇನ್ನೊಬ್ಬರ ಮಾತು ತಾನೇ, ನನ್ನದಲ್ಲವಲ್ಲ. ವಾರದ ಏಳು ದಿನಗಳಲ್ಲಿ ಆ ಎರಡೂವರೆ ಗಂಟೆ ನಾನು ಉಳಿದವರಂತೆ ಇರುತ್ತಿದ್ದೆ. ಸಿನೆಮಾ ಹೇಳುವ ಪುಷ್ಪಾ ಬೇರೆ, ಶಾಲೆಯ ಪುಷ್ಪಾ ಬೇರೆ ಎಂದು ನಮ್ಮ ಹೆಂಗಸರೂ ಅಂದುಕೊಂಡಿದ್ದರೋ ಏನೋ. ಭಾನುವಾರದ ಮಟ್ಟಿಗೆ ನನ್ನ ಉಗ್ಗು ಎಲ್ಲರಿಗೂ ಮರೆತುಹೋಗಿತ್ತು.

ಒಂದು ಭಾನುವಾರ ಬಂದ ಸಿನೆಮಾದಲ್ಲಿ ಒಬ್ಬ ಟೈಲರ್ ಇದ್ದ. ನಾಯಕನ ಗೆಳೆಯ. ಅವನು ಉಗ್ಗುತ್ತಿದ್ದ. ಅವನನ್ನು ಇಟ್ಟದ್ದೇ ನಗಿಸಲಿಕ್ಕೆ. ಅವನು ಬಾಯಿ ತೆರೆದಾಗಲೆಲ್ಲ ಹಿಂದೆ ಒಂದು ಚೆಂಡೆಯೋ ಡೋಲೋ ಟಕಟಕ ಕೇಳಿಸುತ್ತಿತ್ತು. ಮುಂದೆ ಕೂತ ಮಕ್ಕಳು ಹೊರಳಾಡಿ ನಕ್ಕರು. ನಾನು ಹೇಳುವುದನ್ನು ಬಿಡಲಿಲ್ಲ. ಅವನ ಮಾತನ್ನೆಲ್ಲ ತುಂಡು ಮಾಡದೆ, ನೆಟ್ಟಗೆ ಮಾಡಿ ಹೇಳುತ್ತಾ ಹೋದೆ. ಅವನಿಗೆ ನಾನು ಮಾಡಬಹುದಾಗಿದ್ದ ಉಪಕಾರ ಅಷ್ಟೇ ಎಂದು ನನಗೆ ಕಂಡಿತ್ತು.

ಆಮೇಲೆ ಬಸ್ ಸ್ಟ್ಯಾಂಡಿನ ದೃಶ್ಯ ಬಂತು. ಟೈಲರಿಗೆ ಇಷ್ಟವಾದ ಹುಡುಗಿ ಪೆಟ್ಟಿಗೆ ಹಿಡಿದು ದೂರದ ಊರಿಗೆ ಹೊರಟಿದ್ದಾಳೆ. ಇವನು ಓಡಿಬರುತ್ತಾನೆ, ಬಸ್ಸಿನ ಕಂಬಿ ಹಿಡಿಯುತ್ತಾನೆ, ಬಾಯಿ ತೆರೆಯುತ್ತಾನೆ. ಒಂದೇ ಅಕ್ಷರ ಹತ್ತು ಸಲ. ಅವಳು ಹತ್ತುತ್ತಾಳೆ, ಕಂಡಕ್ಟರ್ ವಿಸಿಲ್ ಹಾಕುತ್ತಾನೆ, ಬಸ್ಸು ಹೋಗಿಬಿಡುತ್ತದೆ. ಇವನು ಧೂಳಿನಲ್ಲಿ ನಿಂತು ಉಳಿದ ಮಾತನ್ನು ಮುಗಿಸುತ್ತಾನೆ.

ನಾನು ಹೇಳಿದೆ, “ಹೋಗಬೇಡ, ನಿನ್ನ ಅಮ್ಮನ ಹತ್ತಿರ ನಾನು ಮಾತಾಡ್ತೇನೆ ಅಂತ ಅವ ಹೇಳಿದ. ಬಸ್ಸು ಹೋಯಿತು.”



“ಅಷ್ಟು ಹೇಳಿದ ಮೇಲೂ ಹೋದಳಾ?” ಪಕ್ಕದ ಮನೆಯ ಅಕ್ಕ ಕೇಳಿದಳು. “ಎಂತ ಕಲ್ಲು ಮನಸ್ಸು ಮಾರಾಯ್ತಿ ಆ ಹೆಣ್ಣಿಗೆ.”

“ದೊಡ್ಡ ಜನ ಸಿಕ್ಕಿರಬೇಕು ಅವಳಿಗೆ,” ಎಂದು ಇನ್ನೊಬ್ಬಳು ಸೇರಿಸಿದಳು. ಎಲ್ಲರೂ ಸೇರಿ ಆ ಬಡಪಾಯಿ ಹುಡುಗಿಗೆ ಬಯ್ಯತೊಡಗಿದರು. ನಾನು ಅವನಿಗೆ ಮಾಡಿದ ಉಪಕಾರ ಅವಳ ತಲೆಗೆ ಬಂತು.

ಸರೋಜಕ್ಕನಿಗೆ ಅಲ್ಪಸ್ವಲ್ಪ ಮಲಯಾಳ ಗೊತ್ತಿತ್ತು. ಅವರು ನಗುತ್ತಾ ಹೇಳಿದರು, “ಅಯ್ಯೋ, ಅವ ಎಂತದೂ ಹೇಳ್ಲಿಲ್ಲ. ಅವನಿಗೆ ಮಾತು ಬರುವಾಗ ಬಸ್ಸು ಹೋಗಿ ಆಗಿತ್ತು. ಅದೇ ಅಲ್ವಾ ತಮಾಷೆ? ಪುಷ್ಪಾ, ಅವ ಹೇಗೆ ಹೇಳಿದನೋ ಹಾಗೇ ಹೇಳು. ಇವರೂ ನಗಲಿ.”

ಹೆಂಗಸರೆಲ್ಲ ತಲೆ ಎತ್ತಿ ನನ್ನ ಕಡೆ ನೋಡಿದರು. ಅಷ್ಟು ತಿಂಗಳಲ್ಲಿ ಅವರೆಲ್ಲ ಒಟ್ಟಿಗೆ ನನ್ನ ಮುಖ ನೋಡಿದ್ದು ಅದೇ ಮೊದಲು. ನಾನು ಬಾಯಿ ತೆರೆದೆ. ‘ಹೋಗಬೇಡ’ ಎನ್ನಬೇಕಿತ್ತು. “ಹೋ” ಎಂದೆ. “ಹೋ, ಹೋ, ಹೋ” ಎಂದೆ. ನಿಲ್ಲಿಸಲು ನೋಡಿದೆ, ಆಗಲಿಲ್ಲ. ಅದು ಟೈಲರಿನದ್ದಾಗಿ ಉಳಿಯಲಿಲ್ಲ, ನನ್ನದಾಗಿಬಿಟ್ಟಿತು. ಕತ್ತು ಬಿಗಿಯಿತು, ಕಣ್ಣು ಮುಚ್ಚಿತು.

ಕೋಣೆ ಇಡೀ ಬಿದ್ದು ಬಿದ್ದು ನಕ್ಕಿತು. ಯಾರೋ ಗೆರಸೆ ಚೆಲ್ಲಿಕೊಂಡರು. “ಎಷ್ಟು ಚಂದ ಮಾಡ್ತಾಳೆ ನೋಡಿ,” ಎಂದರು ಸರೋಜಕ್ಕ. “ಅವನಿಂದ ಇವಳೇ ವಾಸಿ.” ಅವರ ದನಿಯಲ್ಲಿ ಕೊಂಕು ಒಂದಿಷ್ಟೂ ಇರಲಿಲ್ಲ. ನಿಜಕ್ಕೂ ಮೆಚ್ಚಿ ಹೇಳಿದ ಮಾತು. ಅದಕ್ಕೇ ಅದು ಇಂದಿಗೂ ಉರಿಯುತ್ತದೆ. ಅಮ್ಮ ಮಾತ್ರ ಸೆರಗನ್ನು ಬಾಯಿಗೆ ಒತ್ತಿ ಹಿಡಿದಿದ್ದಳು. ನಾನು ಎದ್ದು ಹೊರಗೆ ಬಂದೆ, ನನ್ನ ಚಪ್ಪಲಿ ಹುಡುಕಲೂ ನಿಲ್ಲಲಿಲ್ಲ.

ಸಿನೆಮಾ ಮುಗಿದು ಮನೆಗೆ ಬಂದ ಅಜ್ಜಿ ಗೆರಸೆ ಇಳಿಸಿ ಕೇಳಿದ್ದು ಒಂದೇ ಮಾತು. “ನೀನು ಎದ್ದು ಬಂದೆಯಲ್ಲ, ನನಗೆ ಕೊನೆ ತಿಳಿಯಲೇ ಇಲ್ಲ. ಆ ಹೆಣ್ಣು ವಾಪಸು ಬಂದಳಾ?” ಅಪ್ಪನ ಅಮ್ಮ ಅವಳು, ಹಟಮಾರಿ ಹೆಂಗಸು. ಅವಳ ಮಾತು ಅರ್ಧ ತುಳು, ಅರ್ಧ ಕನ್ನಡ. ಇಲ್ಲಿ ಎಲ್ಲವನ್ನೂ ಕನ್ನಡದಲ್ಲೇ ಬರೆದಿದ್ದೇನೆ. ನಾನು ಉತ್ತರ ಕೊಡಲಿಲ್ಲ.

ಅಂದಿನಿಂದ ನಾನು ಯಾರಿಗೂ ಉತ್ತರ ಕೊಡಲಿಲ್ಲ. ಹಟ ಹಿಡಿದದ್ದೇನಲ್ಲ, ಬಾಯಿ ತೆರೆದರೆ ಆ ನಗು ಕೇಳಿಸುತ್ತಿತ್ತು. ಶಾಲೆಯಲ್ಲಿ ಹಾಜರಿಗೆ ಕೈ ಎತ್ತುತ್ತಿದ್ದೆ. ಮನೆಯಲ್ಲಿ ತಲೆಯಾಡಿಸುತ್ತಿದ್ದೆ. ಒಂದು ತಿಂಗಳಾಗುತ್ತಾ ಬಂದಾಗ ಹೆಡ್ ಮಾಸ್ಟ್ರು ಅಮ್ಮನನ್ನು ಕರೆಸಿದರು. ಓದಿ ಹೇಳದಿದ್ದರೆ, ಪ್ರಶ್ನೆಗೆ ಬಾಯಿಬಿಡದಿದ್ದರೆ ಮುಂದಿನ ಕ್ಲಾಸಿಗೆ ಹೇಗೆ ಕಳಿಸುವುದು, ಮೂಕ ಮಕ್ಕಳ ಶಾಲೆ ಎಲ್ಲಿ ಉಂಟೆಂದು ವಿಚಾರಿಸಿ ನೋಡಿ ಎಂದರು. ಒಳ್ಳೆಯ ಮನುಷ್ಯನೇ, ಅವರಿಗೂ ಬೇರೆ ದಾರಿ ಕಂಡಿರಲಿಲ್ಲ. ಅಮ್ಮ ಮನೆಗೆ ಬಂದು ಹಿತ್ತಿಲಲ್ಲಿ ಕೂತು ಅತ್ತಳು. ಮಾತು ಬರುವ ಮಗಳು ಮೂಕಿಯಾಗಿ ಹೋಗುತ್ತಾಳೆ ಎಂಬ ಹೆದರಿಕೆ ಅವಳಿಗೆ. ನನಗೂ ಅದೇ ಹೆದರಿಕೆ ಇತ್ತು, ಹೇಳುವುದು ಹೇಗೆ?

ಎರಡು ಬಸ್ಸು ಬದಲಿಸಿ ಅಮ್ಮ ನನ್ನನ್ನು ಮಂಗಳೂರಿನ ಒಂದು ಆಸ್ಪತ್ರೆಗೆ ಕರೆದುಕೊಂಡು ಹೋದಳು. ಅಲ್ಲಿ ಮಾತು ಕಲಿಸುವ ಒಬ್ಬ ಮೇಡಂ ಇದ್ದರು. ಚಿಕ್ಕ ಕೋಣೆ, ದೊಡ್ಡ ಕನ್ನಡಿ, ಚಿತ್ರದ ಕಾರ್ಡುಗಳು, ಊದಲಿಕ್ಕೆ ಮೇಣದಬತ್ತಿ. ಅವರು ನನ್ನ ನಾಲಗೆಗೆ ಏನನ್ನೂ ಹಚ್ಚಲಿಲ್ಲ. ಉಸಿರು ಬಿಡುತ್ತಾ ಮಾತು ಶುರುಮಾಡಲು ಹೇಳಿಕೊಟ್ಟರು. ನಾನು ಒಂದು ಶಬ್ದವನ್ನೂ ಆಡದಿದ್ದರೂ ಅವರು ಬೇಸರಿಸಲಿಲ್ಲ. ಸಿನೆಮಾದ ಕಥೆಯನ್ನೆಲ್ಲ ಅಮ್ಮನಿಂದ ಕೇಳಿ ತಿಳಿದುಕೊಂಡು, ಬೇರೆಯವರ ಮಾತು ಹೇಳುವಾಗ ಉಗ್ಗು ಬಾರದಿರುವುದು ಎಷ್ಟೋ ಮಂದಿಗೆ ಉಂಟು ಎಂದರು. ಹೊರಡುವಾಗ ಅಮ್ಮನಿಗೆ ಹೇಳಿದರು, “ದಿನಾ ಹದಿನೈದು ನಿಮಿಷ ಇವಳ ಜೊತೆ ಕೂತು ಮಾತಾಡಿ. ಅವಳ ಮಾತನ್ನು ನೀವು ಮುಗಿಸಬೇಡಿ. ನಿಧಾನ ಹೇಳು ಅಂತಲೂ ಹೇಳಬೇಡಿ. ಕಾಯಿರಿ, ಅಷ್ಟೇ.”

ಅಮ್ಮ ಹಾಗೆಯೇ ಮಾಡಿದಳು. ಸಂಜೆ ಕೆಲಸ ಮುಗಿಸಿ, ಮುಖ ತೊಳೆದು, ನನ್ನೆದುರು ಪೂಜೆಗೆ ಕೂತಂತೆ ಕೂರುತ್ತಿದ್ದಳು. “ಹೇಳು ಮಗಾ,” ಎನ್ನುತ್ತಿದ್ದಳು. ಅವಳ ಕಣ್ಣು ನನ್ನ ತುಟಿಯ ಮೇಲೆ. ನನ್ನ ತುಟಿ ನಡುಗಿದರೆ ಅವಳ ತುಟಿಯೂ ನಡುಗುತ್ತಿತ್ತು. ನಾನು ಮೊದಲ ಅಕ್ಷರದಲ್ಲೇ ಸಿಕ್ಕಿಕೊಂಡು ನಿಂತರೆ ಅವಳ ಕಣ್ಣು ತುಂಬುತ್ತಿತ್ತು. ನಾಲ್ಕು ದಿನ ನೋಡಿದೆ. ನಾನು ಮಾತಾಡಲು ಹೊರಟರೆ ಅಮ್ಮ ಅಳುತ್ತಾಳೆ ಎಂದಾಯಿತು. ಐದನೆಯ ದಿನ ತಲೆನೋವೆಂದು ಕೈಸನ್ನೆ ಮಾಡಿ ಮಲಗಿದೆ.

ಅಜ್ಜಿ ಮಾತ್ರ ಭಾನುವಾರ ತಪ್ಪಿಸಲಿಲ್ಲ. ಹೇಳುವವರಿಲ್ಲದೆ, ಎಲೆಯ ಮೇಲೆ ಕಣ್ಣಿಟ್ಟುಕೊಂಡೇ ಸಿನೆಮಾ ‘ನೋಡಿ’ ಬರುತ್ತಿದ್ದಳು. ಬಂದು ಅಮ್ಮನಿಗೆ ಕಥೆ ಹೇಳುತ್ತಿದ್ದಳು. ಅವಳ ಕಥೆಯಲ್ಲಿ ತಂಗಿ ಹೆಂಡತಿಯಾಗುತ್ತಿದ್ದಳು, ಪೋಲೀಸ್ ಮಾವನಾಗುತ್ತಿದ್ದ. ಒಳಗೆ ಮಲಗಿ ನಾನು ಹಲ್ಲು ಕಚ್ಚಿಕೊಂಡು ಕೇಳುತ್ತಿದ್ದೆ.

ಶಾಲೆಗೆ ರಜೆಯಿದ್ದ ಒಂದು ಮಧ್ಯಾಹ್ನ. ಅಜ್ಜಿ ಜಗಲಿಯಲ್ಲಿ ಬೀಡಿ ಕಟ್ಟುತ್ತಿದ್ದಳು. ನಾನು ಪಕ್ಕದಲ್ಲಿ ಕೂತು ಅಳತೆಯ ತಗಡು ಇಟ್ಟು ಎಲೆ ಕತ್ತರಿಸುತ್ತಿದ್ದೆ. ಅಜ್ಜಿ ಇದ್ದಕ್ಕಿದ್ದಂತೆ, ಯಾರಿಗೂ ಅಲ್ಲ ಎಂಬಂತೆ ಹೇಳಿದಳು, “ಆ ಬಸ್ಸು ಹತ್ತಿದ ಹೆಣ್ಣು ಸರಿ ಇಲ್ಲ.”

ನಾನು ಕತ್ತರಿಸುತ್ತಲೇ ಇದ್ದೆ.

“ಅವಳಿಗೆ ಎಲ್ಲ ಗೊತ್ತಿತ್ತು,” ಎಂದಳು ಅಜ್ಜಿ. “ಗಂಡು ಓಡಿಬಂದು, ಕಂಬಿ ಹಿಡಿದು, ಬಾಯಿ ತೆರೆದು ನಿಂತರೆ ಎಂತ ಹೇಳ್ಲಿಕ್ಕೆ ಬಂದದ್ದು ಅಂತ ಹೆಣ್ಣಿಗೆ ತಿಳಿಯುದಿಲ್ವಾ? ಅವನ ಮುಖ ನೋಡಿಯೇ ತಿಳಿದಿರ್ತದೆ. ತಿಳಿದೇ ಹೋದದ್ದು. ಅಹಂಕಾರಿ.”

ಅದು ಶುದ್ಧ ಸುಳ್ಳು. ಅವಳು ಅವನ ಮುಖ ನೋಡಿರಲೇ ಇಲ್ಲ. ಪೆಟ್ಟಿಗೆ ಹಿಡಿದು ಮೆಟ್ಟಿಲ ಕಡೆ ತಿರುಗಿದ್ದಳು, ಇವನು ಬಂದದ್ದು ಹಿಂದಿನಿಂದ. ಅದನ್ನು ನಾನು ಕಣ್ಣಾರೆ ನೋಡಿದ್ದೆ. ಮೊದಲೇ ನನ್ನಿಂದಾಗಿ ಅಷ್ಟು ಬೈಗುಳ ತಿಂದ ಹುಡುಗಿ ಅವಳು. ಈಗ ಮತ್ತೊಂದು ಅಪವಾದ. ನನಗೆ ಮೈ ಉರಿದುಹೋಯಿತು.

“ನೋ... ನೋ... ನೋಡ್ಲಿಲ್ಲ,” ಎಂದೆ.

ತಿಂಗಳ ಮೇಲೆ ಬಂದ ಮೊದಲ ಮಾತು. ಬೇರೆ ಯಾರೇ ಆಗಿದ್ದರೂ ಎದ್ದು ನಿಂತು ದೇವರಿಗೆ ಕೈಮುಗಿಯುತ್ತಿದ್ದರು. ಅಜ್ಜಿ ತಲೆಯನ್ನೇ ಎತ್ತಲಿಲ್ಲ. ನೂಲು ಸುತ್ತುತ್ತಾ ಕೇಳಿದಳು, “ಯಾರು ನೋಡ್ಲಿಲ್ಲ?”

“ಅ... ಅವಳು.”

“ತಪ್ಪು. ನೋಡಿದ್ದಾಳೆ.”

“ನಿನ್ನ ಕ... ಕ... ಕಣ್ಣು ಎಲೆಯಲ್ಲಿತ್ತು. ನೀನು ಹೇ... ಹೇಗೆ ನೋಡಿದ್ದು?”

“ಕಣ್ಣು ಎಲೆಯಲ್ಲಿದ್ದರೆ ಎಂತ? ಕಿವಿ ಇರ್ಲಿಲ್ವಾ ನನಗೆ? ಅಷ್ಟು ಹೊತ್ತು ಹೋ ಹೋ ಅಂತ ಬೊಬ್ಬೆ ಹಾಕಿದ್ದಾನೆ. ಕೇಳದಿರ್ಲಿಕ್ಕೆ ಅವಳಿಗೆ ಕಿವಿ ಕೆಪ್ಪಾ?”

ಬಸ್ಸಿನ ಇಂಜಿನ್ ಶುರುವಾಗಿತ್ತು, ಕಂಡಕ್ಟರ್ ವಿಸಿಲ್ ಹಾಕುತ್ತಿದ್ದ, ಅವಳಿಗೆ ಕೇಳಲು ಸಾಧ್ಯವೇ ಇರಲಿಲ್ಲ ಎಂದು ನಾನು ಹೇಳಬೇಕಿತ್ತು. ಉದ್ದ ಮಾತು. ‘ಬಸ್ಸಿನ’ ಎಂಬಲ್ಲೇ ತುಟಿ ಅಂಟಿತು. ಬಿಡಿಸಿಕೊಂಡೆ. ‘ಕಂಡಕ್ಟರ್’ ಎಂಬಲ್ಲಿ ಮತ್ತೆ ನಿಂತಿತು. ಅಜ್ಜಿ ಅಷ್ಟರಲ್ಲಿ ಎರಡು ಬೀಡಿ ಕಟ್ಟಿದಳು. ನನ್ನ ಬಾಯಿ ನೋಡಲಿಲ್ಲ, ಹೂಂ ಎನ್ನಲಿಲ್ಲ, ನಿಟ್ಟುಸಿರು ಬಿಡಲಿಲ್ಲ. ಅವಳಿಗೆ ನನ್ನ ವಾದ ಪೂರ್ತಿ ಬೇಕಿತ್ತು, ಯಾಕೆಂದರೆ ಅದನ್ನು ಮುರಿಯಬೇಕಿತ್ತು.

ಸದ್ದು ಕೇಳಿ ಅಮ್ಮ ಅಡುಗೆಮನೆಯಿಂದ ಓಡಿಬಂದಳು. ಬಾಗಿಲಲ್ಲಿ ನಿಂತು, ಕಣ್ಣು ತುಂಬಿಕೊಂಡು, “ಮಗಾ, ಬಸ್ಸಿನ ಸದ್ದಿಗೆ ಕೇಳ್ಲಿಲ್ಲ ಅಂತಲಾ...” ಎಂದು ಶುರುಮಾಡಿದಳು.

“ನೀನು ಒಳಗೆ ಹೋಗು,” ಎಂದಳು ಅಜ್ಜಿ. “ಅವಳು ಇನ್ನೂ ಮುಗಿಸ್ಲಿಲ್ಲ.”

ಅಮ್ಮ ಹೋದಳು. ನಾನು ಮುಗಿಸಿದೆ. ಎಷ್ಟು ಹೊತ್ತು ಹಿಡಿಯಿತೋ, ಬೆವರಿದ್ದೆ. ಅಜ್ಜಿ ಇಡೀ ಮಾತು ಕೇಳಿ, ಬೀಡಿಯ ತುದಿ ಮಡಚಿ, ಗೆರಸೆಗೆ ಹಾಕಿ, “ಆದರೂ ತಪ್ಪೇ,” ಎಂದಳು. “ಬಸ್ಸು ಹತ್ತುವ ಮೊದಲು ಒಮ್ಮೆ ಹಿಂದೆ ತಿರುಗಿ ನೋಡ್ಬೇಕು. ಊರು ಬಿಟ್ಟು ಹೋಗುವವರೆಲ್ಲ ನೋಡ್ತಾರೆ. ಅವಳು ನೋಡ್ಲಿಲ್ಲ ಅಂದ್ರೆ ಬೇಕಂತಲೇ ನೋಡದ್ದು.” ನನಗೆ ಎಷ್ಟು ಸಿಟ್ಟು ಬಂತೆಂದರೆ ಕತ್ತರಿ ಇಟ್ಟು ಇನ್ನೊಂದು ವಾದ ಶುರುಮಾಡಿದೆ. ಎಲೆ ಮುಗಿಯುವ ತನಕ ಜಗಳ ಮುಗಿಯಲಿಲ್ಲ.

ಇದನ್ನು ಓದುವವರು ಅಜ್ಜಿಯ ಜಾಣತನ ಎನ್ನಬಹುದು. ನನ್ನನ್ನು ಮಾತಿಗೆಳೆಯಲು ಬೇಕೆಂದೇ ತಪ್ಪು ಹೇಳಿದಳು ಎನ್ನಬಹುದು. ನನ್ನ ಗಂಡನೂ ಹಾಗೇ ಹೇಳುತ್ತಾನೆ. ಅವರು ಯಾರೂ ನನ್ನ ಅಜ್ಜಿಯನ್ನು ನೋಡಿಲ್ಲ. ಅವಳು ನಿಜವಾಗಿಯೂ ಹಾಗೆಯೇ ನಂಬಿದ್ದಳು. ನೆರೆಯವಳ ಜೊತೆ ಬೇಲಿಯ ವಿಷಯದಲ್ಲಿ ಹೇಗೆ ಜಗಳ ಮಾಡುತ್ತಿದ್ದಳೋ, ನನ್ನ ಜೊತೆಗೂ ಹಾಗೇ ಮಾಡಿದಳು. ಅವಳಿಗೆ ನನ್ನ ಮೇಲೆ ಕರುಣೆ ಇರಲಿಲ್ಲ, ಗೆಲ್ಲಬೇಕೆಂಬ ಹಟ ಇತ್ತು. ನನಗೂ ಬೇಕಾಗಿದ್ದದ್ದು ಅದೇ ಎಂದು ಆ ವಯಸ್ಸಿನಲ್ಲಿ ಯಾರಿಗೆ ತಿಳಿಯುತ್ತದೆ?

ಮುಂದಿನ ಸಲ ಮಂಗಳೂರಿಗೆ ಹೋದಾಗ ಅಮ್ಮ ಹೆದರುತ್ತಲೇ ಇದನ್ನು ಹೇಳಿದಳು. “ಅತ್ತೆ ಸ್ವಲ್ಪ ಜೋರು ಮೇಡಂ. ಮಗುವಿನ ಹತ್ತಿರ ದಿನಾ ವಾದ ಮಾಡ್ತಾರೆ.” ಮೇಡಂ ನನ್ನ ಕಡೆ ತಿರುಗಿ, “ಹೌದಾ, ಯಾರು ಗೆಲ್ಲುವುದು?” ಎಂದರು. “ಅ... ಅಜ್ಜಿ. ಅ... ಅನ್ಯಾಯ ಮಾಡಿ,” ಎಂದೆ. ಅವರು ಕುರ್ಚಿಗೆ ಒರಗಿ ನಕ್ಕರು. ಅದು ಬೇರೆ ತರಹದ ನಗು. ಇನ್ನು ಹದಿನೈದು ನಿಮಿಷದ ಲೆಕ್ಕ ಬೇಡ, ಅಜ್ಜಿಗೆ ಬಿಡುವಿದ್ದಷ್ಟು ಹೊತ್ತು ಜಗಳ ಮಾಡಲಿ ಎಂದು ಅಮ್ಮನಿಗೆ ಹೇಳಿದರು.

ಶಾಲೆಯಲ್ಲಿ ಹಾಜರಿಗೆ ಬಾಯಿಬಿಟ್ಟೆ. ಓದಿಯೂ ಹೇಳಿದೆ, ನಿಂತು ನಿಂತು. ಹೆಡ್ ಮಾಸ್ಟ್ರು ಮುಂದಿನ ಕ್ಲಾಸಿಗೆ ಹಾಕಿದರು. ಕೆಲವು ತಿಂಗಳ ಮೇಲೆ ಸರೋಜಕ್ಕನ ಮನೆಗೂ ಹೋದೆ. ಅವರು ನನಗೆ ಎಲ್ಲರಿಗಿಂತ ಮೊದಲು ಹಪ್ಪಳ ಕೊಟ್ಟು, “ಅಂದು ನನಗೆ ತಿಳಿಯಲಿಲ್ಲ ಪುಷ್ಪಾ,” ಎಂದು ಮೆಲ್ಲ ಹೇಳಿದರು. ಮತ್ತೆ ಸಿನೆಮಾ ಹೇಳತೊಡಗಿದೆ. ಆದರೆ ಮೊದಲಿನಂತಲ್ಲ. ಈಗ ಹೇಳುವ ಮಾತಿನಲ್ಲಿ ನನ್ನ ಅಭಿಪ್ರಾಯವೂ ಸೇರುತ್ತಿತ್ತು, ಅದರ ಜೊತೆಗೆ ಉಗ್ಗೂ ಬರುತ್ತಿತ್ತು. ನಾನು ಒಂದು ಮಾತು ಮುಗಿಸುವಾಗ ಪರದೆಯಲ್ಲಿ ಮೂರು ಆಗಿರುತ್ತಿತ್ತು. ಉಳಿದ ಕಥೆಯನ್ನು ದಾರಿಯಲ್ಲಿ ನಡೆಯುತ್ತಾ ಹೇಳುತ್ತಿದ್ದೆ. ಅಜ್ಜಿ ಒಂದೊಂದಕ್ಕೂ ಅಡ್ಡ ಮಾತಾಡುತ್ತಿದ್ದಳು.

ನಾನು ಪ್ಲಸ್ ಟು ಓದುವಾಗ ಅಜ್ಜಿ ತೀರಿಕೊಂಡಳು. ಬಸ್ಸು ಹತ್ತಿದವಳ ವಿಷಯ ಇತ್ಯರ್ಥವಾಗಲೇ ಇಲ್ಲ. ಆ ಸಿನೆಮಾ ಮತ್ತೆ ಬರಲಿಲ್ಲ. ಬಂದಿದ್ದರೂ ಅಜ್ಜಿ ಒಪ್ಪುತ್ತಿರಲಿಲ್ಲ, ಬಿಡಿ.

ಈಗ ನಾನು ಪಂಚಾಯತ್ ಆಫೀಸೊಂದರಲ್ಲಿ ಕ್ಲಾರ್ಕ್. ಉಗ್ಗು ಪೂರ್ತಿ ಹೋಗಿಲ್ಲ, ಹೋಗುವ ಅಂದಾಜೂ ಇಲ್ಲ, ನಾವಿಬ್ಬರೂ ಹೊಂದಿಕೊಂಡಿದ್ದೇವೆ. ಓಣಿಯಲ್ಲಿ ಈಗ ಬೀಡಿ ಕಟ್ಟುವವರಿಲ್ಲ. ಮನೆಮನೆಯಲ್ಲೂ, ಕೈಕೈಯಲ್ಲೂ ಸಿನೆಮಾ ಉಂಟು, ಕೆಳಗೆ ಅಕ್ಷರದಲ್ಲಿ ಮಾತು ಬರುತ್ತದೆ. ಇನ್ನೊಬ್ಬರಿಗೆ ಸಿನೆಮಾ ಹೇಳುವ ಕೆಲಸ ಯಾರಿಗೂ ಉಳಿದಿಲ್ಲ. ಉಗ್ಗುವವರನ್ನು ಇಟ್ಟುಕೊಂಡು ನಗಿಸುವುದೂ ಕಡಿಮೆಯಾಗಿದೆ. ಇತ್ತೀಚೆಗೆ ಬಂದ ಒಂದರಲ್ಲಿ ಉಗ್ಗುವವನೇ ನಾಯಕ. ಥೆರಪಿಯ ಕೋಣೆ, ಕನ್ನಡಿ, ಉಸಿರಿನ ಅಭ್ಯಾಸ, ಎಲ್ಲವನ್ನೂ ಇದ್ದ ಹಾಗೇ ತೋರಿಸಿದ್ದಾರೆ. ನೋಡುವಾಗ ಅತ್ತಿದ್ದೇನೆ. ನನ್ನ ಹತ್ತನೆಯ ವಯಸ್ಸಿನಲ್ಲಿ ಇಂಥದ್ದೊಂದು ಬಂದಿದ್ದರೆ ಎಂದೂ ಅನಿಸಿತು.

ಆಫೀಸಿನವರೂ ಅದನ್ನು ನೋಡಿದರು. ಮರುದಿನ ಚಾದ ಹೊತ್ತಿಗೆ ಅದರದ್ದೇ ಮಾತು. ಪಕ್ಕದ ಮೇಜಿನ ಶೈಲಜಾ ಎಲ್ಲರೆದುರು ಹೇಳುತ್ತಿದ್ದಳು, “ಕೊನೆಗೆ ಆ ಹೆಣ್ಣು ಅವನನ್ನೇ ಮದುವೆ ಆದದ್ದು ಎಷ್ಟು ಚಂದ ಅಲ್ವಾ?” ನನಗೆ ಹಾಗೆ ಕಂಡಿರಲಿಲ್ಲ. ಅವಳು ಮರುಕದಿಂದ ಮದುವೆಯಾದಳು, ಅದು ಅವನಿಗೆ ಮಾಡಿದ ಅವಮಾನ ಎಂದು ಹೇಳಹೊರಟೆ. ‘ಮರುಕ’ ಎಂಬಲ್ಲಿ ಸಿಕ್ಕಿಕೊಂಡೆ. ಮೊದಲಾಗಿದ್ದರೆ ಯಾರಾದರೂ ಮಾತು ಮುಗಿಸಿಕೊಡುತ್ತಿದ್ದರು. ಈ ಸಲ ಯಾರೂ ಮುಗಿಸಲಿಲ್ಲ. ಸಿನೆಮಾದಲ್ಲಿ ತೋರಿಸಿದಂತೆ ಗ್ಲಾಸು ಕೆಳಗಿಟ್ಟು, ತಲೆ ಒಂದಿಷ್ಟು ವಾಲಿಸಿ, ಮುಖ ಮೆತ್ತಗೆ ಮಾಡಿಕೊಂಡು ಕಾದರು. ನಾನು ಮುಗಿಸಿದೆ.

“ಸರಿ ಪುಷ್ಪಕ್ಕ,” ಎಂದಳು ಶೈಲಜಾ. “ನೀವು ಹೇಳಿದ್ದೇ ಸರಿ.” ಉಳಿದವರೂ ಹೌದು ಹೌದು ಎಂದು ತಲೆಯಾಡಿಸಿದರು.

ಎರಡು ನಿಮಿಷದ ಹಿಂದೆ ಅವಳು ಹೇಳಿದ್ದು ಇದಕ್ಕೆ ತೀರಾ ಉಲ್ಟಾ. ನಾನು ಅವಳ ಮುಖವನ್ನೇ ನೋಡಿದೆ. ವಾದಿಸು ಮಾರಾಯ್ತಿ, ನಾನು ಹೇಳಿದ್ದು ಹೇಗೆ ಸರಿ ಎಂದಾದರೂ ಕೇಳು ಎಂದು ಹೇಳಬೇಕೆನಿಸಿತು. ಅವಳು ನನ್ನ ಕೈ ಒಮ್ಮೆ ಮೆಲ್ಲ ಒತ್ತಿ ತನ್ನ ಮೇಜಿಗೆ ಹೋದಳು. ಒಳ್ಳೆಯ ಹುಡುಗಿ, ದೂರಲು ನನಗೆ ಕಾರಣವಿಲ್ಲ. ಕಾಯುವವರು ಈಗ ಬೇಕಾದಷ್ಟು ಮಂದಿ ಇದ್ದಾರೆ. ಕೊನೆಯ ಅಕ್ಷರದವರೆಗೂ ಕಾದು, ಅದಾದ ಮೇಲೆ ನನಗೆ ‘ತಪ್ಪು’ ಎಂದವರು ಮಾತ್ರ ಅಜ್ಜಿ ಹೋದ ಮೇಲೆ ಒಬ್ಬರೂ ಸಿಕ್ಕಿಲ್ಲ.